ಇಪ್ಪತ್ತಕ್ಕೆ ಹದಿನೆಂಟು

ಅವರ ಹೆಸರನ್ನು ನಾನು ಇಲ್ಲಿ ಬರೆಯುವುದಿಲ್ಲ. ನಿಯಮ ಅವರದೇ. "ವ್ಯಕ್ತಿ ಅಧ್ಯಯನ ಬರಿಯೋವಾಗ ಹೆಸರು ಹಾಕಬ್ಯಾಡ್ರಿ. ವ್ಯಕ್ತಿ 'ಅ' ಅಂತ ಬರೀರಿ. ನಾವು ಮನುಷ್ಯಾನ ತಿಳ್ಕೊಳ್ಳಿಕ್ಕೆ ಬರಿಯೋದು, ಅವನ ಮನಿ ಬಾಗಲಾ ತೋರಿಸ್ಲಿಕ್ಕಲ್ಲ" ಎಂದು ಪ್ರತಿ ವರ್ಷ ಹೇಳುತ್ತಿದ್ದರಂತೆ. ನಮಗೂ ಹೇಳಿದ್ದರು. ಆ ನಿಯಮವನ್ನು ಚಾಚೂ ತಪ್ಪದೆ ಪಾಲಿಸಿಯೇ ನಾನು ಅವರ ಬಾಳು ಕೆಡಿಸಿದೆ. ಈಗ ಅವರ ಬಗ್ಗೆ ಎರಡನೆಯ ಸಲ ಬರೆಯುತ್ತಿದ್ದೇನೆ. ಕಳೆದ ಶ್ರಾವಣದಲ್ಲಿ ವಾಡಿಯ ತಮ್ಮ ಬಾಡಿಗೆ ಕೋಣೆಯಲ್ಲಿ ಅವರು ತೀರಿಕೊಂಡರು.

ಸೇಡಂನ ಒಂದು ಖಾಸಗಿ ಬಿ.ಎಡ್. ಕಾಲೇಜಿನಲ್ಲಿ ಅವರು ನಮಗೆ ಮನೋವಿಜ್ಞಾನ ಕಲಿಸಿದರು. ಆ ಕಾಲೇಜು ಈಗಿಲ್ಲ. ಕಟ್ಟಡದಲ್ಲಿ ಗೊಬ್ಬರದ ಚೀಲ ತುಂಬಿಟ್ಟಿದ್ದಾರೆ. ಪ್ಯಾಂಟು, ಶರ್ಟು, ಕೈಯಲ್ಲಿ ಚರ್ಮದ ಚೀಲ, ಮತ್ತು ಇಷ್ಟೆಲ್ಲಕ್ಕೂ ಹೊಂದದ ಒಂದು ಬಿಳಿ ಟವೆಲ್ ಹೆಗಲ ಮೇಲೆ. ವಾಡಿಯ ಸಿಮೆಂಟಿನ ಧೂಳು ಒರೆಸಿಕೊಳ್ಳಲು ಎನ್ನುತ್ತಿದ್ದರು. ಸೀಮೆಸುಣ್ಣಕ್ಕೆ ಕಾಗದ ಸುತ್ತಿ ಹಿಡಿಯುತ್ತಿದ್ದರು. ಉತ್ತರ ಪತ್ರಿಕೆಯಲ್ಲಿ ತಪ್ಪು ಕಂಡರೆ ಗೀಚುತ್ತಿರಲಿಲ್ಲ. ಸ್ಕೇಲು ಇಟ್ಟು ಕೆಂಪು ಪೆನ್ನಿನಿಂದ ಒಂದೇ ಒಂದು ನೇರ ಗೆರೆ ಎಳೆಯುತ್ತಿದ್ದರು. "ತಪ್ಪಿನ ಮಾರಿ ಕೆಡಿಸಬಾರ್ದು. ಕೆಳಗ ಏನಿತ್ತು ಅಂತ ಓದ್ಲಿಕ್ಕೆ ಬರಬೇಕು. ಇಲ್ಲಂದ್ರ ತಿದ್ದಿಕೊಳ್ಳೋದು ಏನು?" ಎನ್ನುವುದು ಅವರ ಮಾತು.

ಮನುಷ್ಯನ ಬೆಳವಣಿಗೆಯ ಎಂಟು ಹಂತಗಳ ಪಾಠ ಬಂದಾಗ ಕರಿಹಲಗೆಯ ತುಂಬ ಎಂಟು ಮೆಟ್ಟಿಲು ಬರೆಯುತ್ತಿದ್ದರು. ಕೂಸಿಗೆ ನಂಬಿಕೆ ಬರುವುದರಿಂದ ಹಿಡಿದು ಮುದುಕರಿಗೆ ಬದುಕಿದ್ದು ಸಾರ್ಥಕ ಅನ್ನಿಸುವವರೆಗೆ. "ಐದನೇ ಮೆಟ್ಟಿಲಿಗಿ ನಾ ಯಾರು ಅನ್ನೋದು ಗೊತ್ತಾಗಬೇಕು. ಆರನೇದಕ್ಕ ನನ್ನ ಬಾಜೂಕ ಯಾರು ಅನ್ನೋದು ಗೊತ್ತಾಗಬೇಕು" ಎಂದರು. ಹಿಂದಿನ ಬೆಂಚಿನಿಂದ ಯಾರೋ ಕೇಳಿದರು, "ಸರ್, ಮೆಟ್ಟಿಲು ತಪ್ಪಿದವ್ರು ಬೀಳ್ತಾರೇನ್ರಿ?"

"ಬೀಳಂಗಿಲ್ಲ. ಮ್ಯಾಲ ಹ್ವಾದ ಮ್ಯಾಗ ಕಾಲು ಜರಾ ಅಲುಗಾಡತಾವ, ಅಷ್ಟೇ. ಹಿಂದ ಬಂದು ಅದನ್ನ ಹತ್ತಬಹುದು. ತಡಾ ಆದ್ರೂ ನಡೀತದ."

ಹಾಗೆ ಹೇಳಿ ಆರನೆಯ ಮೆಟ್ಟಿಲಿನ ಗೆರೆಯ ಮೇಲೆ ಸೀಮೆಸುಣ್ಣವನ್ನು ಇನ್ನೊಮ್ಮೆ ಓಡಿಸಿದರು. ಅವರ ಮುಖದಲ್ಲಿ ನಗೆ ಇತ್ತು. ಅವರು ನಗುವುದು ಅಪರೂಪವಾದ್ದರಿಂದ ನಾವು ಹುಡುಗಿಯರು ಒಬ್ಬರ ಪಕ್ಕೆ ಒಬ್ಬರು ತಿವಿದೆವು. ನಗೆಗೆ ಕಾರಣ ನಮಗೆಲ್ಲ ಗೊತ್ತಿತ್ತು. ಕಾರಣ ಕ್ರಾಫ್ಟ್ ಮೇಡಂ.

ಮೇಡಂ ನಮಗೆ ಹೊಲಿಗೆ, ಕಸೂತಿ ಹೇಳಿಕೊಡಲು ಬರುತ್ತಿದ್ದ ಅರೆಕಾಲಿಕ ಶಿಕ್ಷಕಿ. ಮೂವತ್ತೈದು ದಾಟಿರಲಿಲ್ಲ. ಗಂಡ ತೀರಿಹೋಗಿ ಐದು ವರ್ಷವಾಗಿತ್ತು, ಒಬ್ಬಳು ಚಿಕ್ಕ ಮಗಳಿದ್ದಳು. ಅವರೂ ನಾನೂ ಚಿತ್ತಾಪುರದಲ್ಲಿ ಪ್ಯಾಸೆಂಜರ್ ಹತ್ತುತ್ತಿದ್ದೆವು. ಸರ್ ಅದೇ ರೈಲಿಗೆ ಹಿಂದಿನ ಸ್ಟೇಷನ್ ವಾಡಿಯಲ್ಲೇ ಹತ್ತಿ ಬಂದಿರುತ್ತಿದ್ದರು. ನಮ್ಮ ಕಡೆ ಸೀಟು ಹಿಡಿಯುವುದೆಂದರೆ ಕಿಟಕಿಯಿಂದ ಟವೆಲ್ ಒಗೆಯುವುದು. ಟವೆಲ್ ಬಿದ್ದ ಸೀಟನ್ನು ಮುಟ್ಟುವ ಧೈರ್ಯ ಯಾರಿಗೂ ಇರುವುದಿಲ್ಲ. ಸರ್ ವಾಡಿಯಲ್ಲಿ ಹತ್ತಿದೊಡನೆ ತಮ್ಮ ಪಕ್ಕದ ಸೀಟಿಗೆ ಆ ಬಿಳಿ ಟವೆಲ್ ಹಾಸುತ್ತಿದ್ದರು. ಚಿತ್ತಾಪುರದಲ್ಲಿ ಎಷ್ಟೇ ನೂಕುನುಗ್ಗಲಿದ್ದರೂ ಮೇಡಂ ನೆಟ್ಟಗೆ ಸರ್ ಕೂತ ರೈಲು ಡಬ್ಬಿಗೆ ಬಂದು, ಟವೆಲ್ ಮಡಚಿ ಸರ್ ಕೈಗೆ ಕೊಟ್ಟು, ಕೂಡುತ್ತಿದ್ದರು. ಅವರಿಬ್ಬರ ನಡುವೆ ನಾನು ನೋಡಿದ ಸಲಿಗೆ ಇಷ್ಟೇ.

ಇಲ್ಲ, ಇನ್ನೊಂದಿದೆ. ಒಂದು ಚಳಿಗಾಲದ ಮುಂಜಾನೆ ಮೇಡಂ ಉಲನ್ ಲಡಿಯನ್ನು ಸರ್ ಅವರ ಎರಡೂ ಕೈಗೆ ತೊಡಿಸಿ, ತಾವು ಎದುರಿಗೆ ಕೂತು ಉಂಡೆ ಸುತ್ತಿದರು. ಸರ್ ಬೇಡಿ ಹಾಕಿಸಿಕೊಂಡವರ ಹಾಗೆ ಕೈ ಚಾಚಿ ಕೂತಿದ್ದರು. ಮೂಗಿನ ಮೇಲೆ ನೊಣ ಕೂತರೂ ಓಡಿಸಲಿಲ್ಲ. ಇಡೀ ಡಬ್ಬಿ ನೋಡುತ್ತಿತ್ತು. ಆ ಮನುಷ್ಯ ಅಷ್ಟು ಸುಖವಾಗಿ ಕೂತಿದ್ದನ್ನು ನಾನು ಮತ್ತೆಂದೂ ನೋಡಲಿಲ್ಲ.

ಈಗ ನನ್ನ ಪಾಪದ ಮಾತು. ಪ್ರತಿಯೊಬ್ಬರೂ ಒಬ್ಬ ವ್ಯಕ್ತಿಯನ್ನು ಆರಿಸಿಕೊಂಡು, ಅವರು ಯಾವ ಹಂತದಲ್ಲಿದ್ದಾರೆ, ಯಾವುದನ್ನು ದಾಟಿದ್ದಾರೆ, ಎಲ್ಲಿ ಎಡವಿದ್ದಾರೆ ಎಂದು ಬರೆದು ಒಂದು ರೆಕಾರ್ಡ್ ಕೊಡಬೇಕಿತ್ತು. ಇಪ್ಪತ್ತು ಅಂಕ. ನಮ್ಮ ಕಾಲೇಜಿನಲ್ಲಿ ಇದಕ್ಕೊಂದು ಸಂಪ್ರದಾಯವಿತ್ತು. ಹಿಂದಿನ ವರ್ಷದವರ ರೆಕಾರ್ಡನ್ನು ತಂದು ನಕಲು ಮಾಡುವುದು. ನನಗೆ ಸಿಕ್ಕಿದ್ದು ಎಪ್ಪತ್ತೆಂಟು ವರ್ಷದ ಒಬ್ಬ ಅಜ್ಜಿ. ಅಂದವಾಗಿ ಬರೆದು ಕೊಟ್ಟೆ.

ಸರ್ ಅದನ್ನು ತರಗತಿಯಲ್ಲಿ ಎತ್ತಿ ತೋರಿಸಿದರು. "ಈ ಮುದುಕಿ ನಮ್ಮ ಕಾಲೇಜಿಗಿ ಬಂದು ಹನ್ನೆರಡು ವರ್ಷ ಆಯ್ತು. ಇನ್ನಾ ಎಪ್ಪತ್ತೆಂಟೇ ನಡದದ. ಸಾಯವಲ್ಲಳು, ವಯಸ್ಸೂ ಆಗವಲ್ಲದು."

ಎಲ್ಲರೂ ಬೆಂಚು ತಟ್ಟಿ ನಕ್ಕರು. ತರಗತಿಗೆ ಮೊದಲಿಗಳೆಂದು ಬೀಗುತ್ತಿದ್ದವಳು ನಾನು. ಕಿವಿ ಸುಟ್ಟವು.

"ತಂಗಿ, ನಿನ್ನ ಅಕ್ಷರ ಚಲೋ ಅವ, ಬುದ್ಧಿನೂ ಅದ. ದಿನಾ ಕಣ್ಣಿಲೆ ನೋಡೋ ಒಬ್ರನ್ನ ಬರಿ" ಎಂದು ರೆಕಾರ್ಡ್ ವಾಪಸ್ ಕೊಟ್ಟರು.

ದಿನಾ ಕಣ್ಣಿಲೆ ನೋಡುವವರು! ಮರುದಿನ ರೈಲಿನಲ್ಲಿ ಎದುರಿಗೆ ಕೂತಿದ್ದರಲ್ಲ. ಒಂದೇ ವಾರದಲ್ಲಿ ಬರೆದು ಮುಗಿಸಿದೆ. ಇವತ್ತಿಗೂ ಬಾಯಿಪಾಠವಿದೆ. "ವ್ಯಕ್ತಿ 'ಅ'. ವಯಸ್ಸು ನಲವತ್ತಾರು. ಅವಿವಾಹಿತ. ಆಪ್ತರು: ಯಾರೂ ಇಲ್ಲ. ಐದನೆಯ ಹಂತವನ್ನು ತಕ್ಕಮಟ್ಟಿಗೆ ದಾಟಿದ್ದಾನೆ. ಆರನೆಯ ಹಂತದಲ್ಲಿ ಸಂಪೂರ್ಣ ವಿಫಲ. ವಿಧವೆಯಾದ ಒಬ್ಬ ಸಹೋದ್ಯೋಗಿಗೆ ಇತ್ತೀಚೆಗೆ ರೈಲಿನಲ್ಲಿ ದಿನವೂ ಟವೆಲ್ ಹಾಸಿ ಸೀಟು ಹಿಡಿಯುತ್ತಿದ್ದಾನೆ. ಇದು ಆಪ್ತತೆಯಲ್ಲ, ಮುಪ್ಪಿನ ಭಯ. ಈ ವಯಸ್ಸಿನಲ್ಲಿ ಇಂಥ ಪ್ರಯತ್ನ ಫಲಿಸುವ ಸಂಭವವಿಲ್ಲ." ಇಪ್ಪತ್ತೆರಡು ವರ್ಷದ ಹುಡುಗಿ, ಯಾರನ್ನೂ ಪ್ರೀತಿಸಿ ಗೊತ್ತಿಲ್ಲದವಳು, ಇದನ್ನು ಬರೆಯುವಾಗ ಎಷ್ಟು ಖುಷಿಪಟ್ಟಿದ್ದೆನೆಂದು ನೆನೆದರೆ ಈಗಲೂ ನನ್ನ ಮೇಲೆ ನನಗೇ ಹೇಸಿಗೆಯಾಗುತ್ತದೆ.

ಕೊಟ್ಟ ಮೇಲೆ ಹೆದರಿಕೆಯಾಯಿತು. ಬಯ್ಯುತ್ತಾರೆ, ಹರಿದು ಒಗೆಯುತ್ತಾರೆ, ಪ್ರಾಂಶುಪಾಲರ ಮುಂದೆ ನಿಲ್ಲಿಸುತ್ತಾರೆ ಎಂದುಕೊಂಡೆ. ಮೂರನೆಯ ದಿನ ರೆಕಾರ್ಡ್ ನನ್ನ ಕೈಗೆ ಬಂತು. ಹಾಳೆಗಳ ಮೇಲೆ ಒಂದೂ ಕೆಂಪು ಗೆರೆಯಿರಲಿಲ್ಲ. ಕೊನೆಗೆ ಅವರ ದುಂಡನೆಯ ಅಕ್ಷರದಲ್ಲಿ ಎರಡು ಸಾಲು: "ಅವಲೋಕನ ಉತ್ತಮ. ವ್ಯಕ್ತಿಯನ್ನು ಸಂದರ್ಶಿಸಿಲ್ಲ, ಎರಡು ಅಂಕ ಕಡಿತ." ಕೆಳಗೆ ಇಪ್ಪತ್ತಕ್ಕೆ ಹದಿನೆಂಟು. ತರಗತಿಯಲ್ಲಿ ಅದೇ ಅತಿ ಹೆಚ್ಚು.

ನಾನು ಹೋಗಿ ಅವರ ಮುಂದೆ ನಿಂತೆ. ಅವರು ತಲೆ ಎತ್ತದೆ, "ಪ್ರಾಕ್ಟಿಕಲ್ ಪರೀಕ್ಷಾ ದಿವಸ ವಾಪಸ್ ತಂದು ಕೊಡು. ಕವರ್ ಹಾಕ್ಕೊಂಡು ಬಾ" ಎಂದರು. ಮರುದಿನವೂ ರೈಲಿನಲ್ಲಿ ಟವೆಲ್ ಹಾಸಿಯೇ ಇತ್ತು, ಮೇಡಂ ಅದನ್ನು ಮಡಚಿ ಕೊಟ್ಟರು. ಸದ್ಯ, ಏನೂ ಆಗಲಿಲ್ಲ ಎಂದು ನಾನು ಉಸಿರು ಬಿಟ್ಟೆ.

ಪ್ರಾಕ್ಟಿಕಲ್ ದಿನ ಹೊರಗಿನಿಂದ ಒಬ್ಬ ಪರೀಕ್ಷಕರು ಬಂದಿದ್ದರು. ಹೆಚ್ಚು ಅಂಕದ ರೆಕಾರ್ಡುಗಳನ್ನು ಪರೀಕ್ಷಕರು ನೋಡಲೆಂದು ಮೇಲೆ ಇಡಬೇಕೆಂಬುದು ನಿಯಮ. ನಿಯಮದಂತೆ ಸರ್ ನನ್ನದನ್ನು ಎಲ್ಲಕ್ಕಿಂತ ಮೇಲೆ ಇಟ್ಟರು. ಬೇರೆ ಯಾರಾದರೂ ಆಗಿದ್ದರೆ ಅಡಿಗೆ ತಳ್ಳುತ್ತಿದ್ದರು. ಅಥವಾ ಹನ್ನೆರಡು ಅಂಕ ಹಾಕಿ ಕೈ ತೊಳೆದುಕೊಳ್ಳುತ್ತಿದ್ದರು. ಆದರೆ ನಮ್ಮ ಸರ್ ಹಾಗಲ್ಲ.

ಸಭಾಂಗಣದಲ್ಲಿ ನಾವೆಲ್ಲ ಇದ್ದೆವು. ಪ್ರಾಂಶುಪಾಲರು ಪರೀಕ್ಷಕರ ಪಕ್ಕದಲ್ಲಿ. ಗೋಡೆಯ ಬಳಿ ಮೇಡಂ ನಮ್ಮ ಕಸೂತಿಯ ಮೇಜುಬಟ್ಟೆಗಳನ್ನು ಹರಡಿ ಪ್ರದರ್ಶನಕ್ಕೆ ಜೋಡಿಸುತ್ತಿದ್ದರು. ಪರೀಕ್ಷಕರು ನನ್ನ ರೆಕಾರ್ಡ್ ಓದಿ ಹಿಗ್ಗಿಹೋದರು. "ಇದಪ್ಪಾ ಅಭ್ಯಾಸ ಅಂದ್ರ! ಕೇಳ್ರಿ ಎಲ್ಲಾರೂ" ಎಂದು ಎದ್ದು ನಿಂತು ಜೋರಾಗಿ ಓದಲು ಶುರು ಮಾಡಿದರು. ವ್ಯಕ್ತಿ 'ಅ'. ನಲವತ್ತಾರು. ಆಪ್ತರು ಯಾರೂ ಇಲ್ಲ. ರೈಲಿನ ಸೀಟು, ಟವೆಲ್ ಎಂಬ ಮಾತು ಬರುವಷ್ಟರಲ್ಲಿ ಹುಡುಗರು ಮುಖ ಮುಚ್ಚಿಕೊಂಡು ನಗುತ್ತಿದ್ದರು. ಆ ಟವೆಲ್ ಸರ್ ಹೆಗಲ ಮೇಲೆಯೇ ಇತ್ತು. ಮೇಡಂ ಕೈಯಲ್ಲಿದ್ದ ಮೇಜುಬಟ್ಟೆಯನ್ನು ಮಡಚಿದರು, ಬಿಚ್ಚಿದರು, ಮತ್ತೆ ಮಡಚಿದರು.

"ಯಾರ್ರಿ ಈ ಮನುಷ್ಯಾ? ಇಲ್ಲೇ ಸೇಡಮದಾಗ ಇರ್ತಾನೇನು?" ಎಂದು ಪರೀಕ್ಷಕರು ಸರ್ ಅವರನ್ನೇ ಕೇಳಿದರು.

ಸರ್ ಎದ್ದು ನಿಂತರು. "ಗುಪ್ತ ಇಡಬೇಕಂತ ನಿಯಮ ಅದರಿ ಸರ್. ಹೆಸರು ಹೇಳಂಗಿಲ್ಲ."

ದನಿ ನಡುಗಲಿಲ್ಲ. ಕೂಡುವಾಗ ಮಾತ್ರ ಕುರ್ಚಿಯ ಕೈ ಹುಡುಕಿ ಹಿಡಿದುಕೊಂಡರು.

ಬರವಣಿಗೆ ಪರೀಕ್ಷೆಗೆ ಇನ್ನೂ ಒಂದು ತಿಂಗಳಿತ್ತು, ಕಾಲೇಜು ನಡೆಯುತ್ತಿತ್ತು. ಮರುದಿನ ಚಿತ್ತಾಪುರದಲ್ಲಿ ರೈಲು ಹತ್ತಿದಾಗ ಅದೇ ಡಬ್ಬಿಯಲ್ಲಿ, ಅದೇ ಸೀಟಿನ ಮೇಲೆ ಟವೆಲ್ ಇತ್ತು. ಸರ್ ಇರಲಿಲ್ಲ. ದಿನವೂ ಸೇಡಂಗೆ ಬರುತ್ತಿದ್ದ ಬಾಳೆಹಣ್ಣಿನ ಹೆಂಗಸು ಮೇಡಂಗೆ ಹೇಳಿದಳು, "ಸರ್ ಟಾವೆಲ್ ಹಾಕಿ ಹಿಂದಿನ ಡಬ್ಬಿಗಿ ಹ್ವಾದ್ರವ್ವಾ. ನಿಮಗ ಕುಂದ್ರಲಿಕ್ಕೆ ಹೇಳ್ಯಾರ." ಮೇಡಂ ಕೂತರು. ಸೇಡಂನಲ್ಲಿ ಇಳಿದು ಟವೆಲನ್ನು ಮಡಚಿ ಸ್ಟಾಫ್ ರೂಮಿನಲ್ಲಿ ಸರ್ ಮೇಜಿನ ಮೇಲೆ ಇಟ್ಟರು. ಮರುದಿನ ಮತ್ತೆ ಹಾಗೆಯೇ. ಅದರ ಮರುದಿನವೂ ಹಾಗೆಯೇ. ಮನುಷ್ಯ ಹಿಂದಿನ ಡಬ್ಬಿಯಲ್ಲಿ, ಟವೆಲ್ ಈ ಡಬ್ಬಿಯಲ್ಲಿ. ಹತ್ತು ಹನ್ನೆರಡು ದಿನ ಹೀಗೆ ನಡೆಯಿತು. ಒಂದು ಮುಂಜಾನೆ ಮೇಡಂ ಟವೆಲ್ ಮುಟ್ಟಲಿಲ್ಲ. ಆ ಸೀಟಿನ ಎದುರಿಗೆ ಸರಳು ಹಿಡಿದು ಸೇಡಂವರೆಗೂ ನಿಂತೇ ಬಂದರು. ಡಬ್ಬಿ ಕಿಕ್ಕಿರಿದಿತ್ತು, ಆದರೂ ಆ ಸೀಟಿನ ಮೇಲೆ ಯಾರೂ ಕೂಡಲಿಲ್ಲ. ಮರುದಿನ ಟವೆಲ್ ಇರಲಿಲ್ಲ.

ವರ್ಷ ಮುಗಿದ ಮೇಲೆ ಪ್ರಾಂಶುಪಾಲರು ಮೇಡಂಗೆ, ಮುಂದಿನ ವರ್ಷ ಕ್ರಾಫ್ಟ್ ಕ್ಲಾಸು ಇರುವುದಿಲ್ಲ ಎಂದು ಹೇಳಿದರಂತೆ. ಇತ್ತು. ಕಲಿಸಲು ಬೇರೆಯವರು ಬಂದರು. ಮೇಡಂ ಮಗಳನ್ನು ಕರೆದುಕೊಂಡು ಶಹಾಬಾದಿನಲ್ಲಿದ್ದ ಅಣ್ಣನ ಮನೆಗೆ ಹೋದರು ಎಂದು ಯಾರಿಂದಲೋ ಕೇಳಿದೆ. ನನಗೆ ಒಳ್ಳೆಯ ಅಂಕ ಬಂದವು, ಸರಕಾರಿ ನೌಕರಿಯೂ ಬಂತು. ಚಿಂಚೋಳಿ ತಾಲೂಕಿನ ಕೊಡ್ಲಿಗೆ ಬಂದೆ, ಮದುವೆಯಾದೆ, ಎರಡು ಮಕ್ಕಳಾದವು. ಮೆಟ್ಟಿಲುಗಳನ್ನೆಲ್ಲ ಸರಿಯಾದ ವಯಸ್ಸಿಗೆ ಸರಿಯಾಗಿ ಹತ್ತಿದವಳು ನಾನು.

ನಡುವೆ ಒಂದೇ ಸಲ ಸರ್ ಸಿಕ್ಕಿದ್ದರು, ವಾಡಿ ಸ್ಟೇಷನ್ನಿನಲ್ಲಿ. ಕೂದಲು ಪೂರ್ತಿ ಬೆಳ್ಳಗಾಗಿತ್ತು. ಹೆಗಲ ಮೇಲೆ ಟವೆಲ್ ಇರಲಿಲ್ಲ. ನನ್ನ ಗಂಡನನ್ನು ಮಾತಾಡಿಸಿದರು, ಮಗಳ ತಲೆ ಸವರಿದರು. ಕ್ಷಮೆ ಕೇಳಬೇಕೆಂದು ಎಷ್ಟೋ ವರ್ಷದಿಂದ ಮನಸ್ಸಿನಲ್ಲಿ ಕಟ್ಟಿಕೊಂಡಿದ್ದ ಮಾತು ಬಿಟ್ಟು, "ಆರಾಮ ಇದ್ದೀರೇನ್ರಿ ಸರ್?" ಎಂದಷ್ಟೇ ಕೇಳಿದೆ.

"ಆರಾಮ ಇದ್ದೀನವ್ವಾ. ಏಳನೇ ಮೆಟ್ಟಿಲು ಮುಗೀಲಿಕ್ಕೆ ಬಂತು" ಎಂದರು. ಆಮೇಲೆ, "ಕಾಲು ಜರಾ ಅಲುಗಾಡತಾವ" ಎಂದು ನಕ್ಕರು. ನನ್ನ ಗಂಡ ಮಂಡಿನೋವು ಎಂದುಕೊಂಡು ಯಾವುದೋ ಎಣ್ಣೆಯ ಹೆಸರು ಹೇಳಿದರು. ಸರ್ ಅದನ್ನು ಶ್ರದ್ಧೆಯಿಂದ ಚೀಟಿಯಲ್ಲಿ ಬರೆದುಕೊಂಡರು.

ಸಾವಿನ ಸುದ್ದಿ ನಮ್ಮ ಬ್ಯಾಚಿನ ವಾಟ್ಸಾಪ್ ಗುಂಪಿಗೆ ಬಂದಾಗ ಮಣ್ಣು ಮಾಡಿ ಎರಡು ದಿನವಾಗಿತ್ತು. ಕೈಮುಗಿದ ಚಿತ್ರಗಳು ನಲವತ್ತು ಬಂದವು. ವಾಡಿಗೆ ಹೋದವಳು ನಾನೊಬ್ಬಳೇ. ಮನೆಯ ಮಾಲಕಿ ಬಾಗಿಲು ತೆಗೆದು ತೋರಿಸಿದರು. ಒಂದು ಮಂಚ, ಒಂದು ಸ್ಟೋವ್, ಒಂದು ತಾಟು. "ತಾಯಿ ಇದ್ರು ಮೊದಲ. ಹನ್ನೆರಡು ವರ್ಷ ಹಾಸಿಗಿ ಹಿಡದಿದ್ರು, ಎಲ್ಲಾ ಇವ್ರೇ ಮಾಡ್ತಿದ್ರು. ಆಕಿ ಹ್ವಾದ ಮ್ಯಾಲ ಈ ಮನಿಗಿ ಯಾರ್ ಬಂದಿದ್ದು ನಾ ಕಾಣೆ. ಎರಡು ದಿನ ಬಾಗಲಾ ತೆಗೀಲಿಲ್ಲ, ಆಮ್ಯಾಲ ನಮಗ ಗೊತ್ತಾತು" ಎಂದರು. ತಾಯಿಯ ಮಾತು ನನಗೆ ಅವತ್ತೇ ಗೊತ್ತಾದದ್ದು. ಆರನೆಯ ಮೆಟ್ಟಿಲು ಏಕೆ ತಪ್ಪಿತೆಂದು ನಾನು ಕೇಳಿದ್ದರೆ ಆಗಲೇ ಹೇಳುತ್ತಿದ್ದರೋ ಏನೋ.

"ರದ್ದಿಗಿ ಹಾಕಬೇಕಂತ ತಗದಿಟ್ಟಿದ್ದೆ, ನೀವು ನೋಡ್ರಿ" ಎಂದು ಅವರು ಒಂದು ಟ್ರಂಕು ಎಳೆದು ಕೊಟ್ಟರು. ಪಾಠದ ಟಿಪ್ಪಣಿಗಳ ಅಡಿಯಲ್ಲಿ ನನ್ನ ರೆಕಾರ್ಡ್ ಇತ್ತು. ನಾನು ಹಾಕಿದ್ದ ಖಾಕಿ ಕವರು ಹಾಗೇ ಇತ್ತು. ತೆಗೆದು ನೋಡಿದೆ. ಮೊದಲ ಹಾಳೆಯಲ್ಲಿ, ನನಗೆ ಕೊಟ್ಟಾಗ ಇಲ್ಲದಿದ್ದ ಒಂದು ಕೆಂಪು ಗೆರೆ. 'ಆಪ್ತರು' ಎಂಬುದರ ಮುಂದೆ ನಾನು ಬರೆದಿದ್ದ 'ಯಾರೂ ಇಲ್ಲ' ಎಂಬುದರ ಮೇಲೆ ಸ್ಕೇಲು ಇಟ್ಟು ಎಳೆದಿದ್ದರು. ತಪ್ಪು ಉತ್ತರಕ್ಕೆ ಎಳೆಯುವ ಗೆರೆ. ಅದರ ಮೇಲೆ ಸರಿ ಉತ್ತರ ಬರೆದಿರಲಿಲ್ಲ.

ಅದನ್ನು ಹಿಡಿದುಕೊಂಡು ಶಹಾಬಾದಿಗೆ ಹೋದೆ. ಮೇಡಂ ಮನೆ ಹುಡುಕುವುದು ಕಷ್ಟವಾಗಲಿಲ್ಲ. ಬಾಗಿಲಿಗೆ ಹೊಲಿಗೆ ಕ್ಲಾಸಿನ ಬೋರ್ಡು ಇತ್ತು. ನನ್ನನ್ನು ನೋಡಿದ ಕೂಡಲೇ ಗುರುತು ಹಿಡಿದರು, ಆದರೆ ಕೈಯಲ್ಲಿದ್ದ ಬಟ್ಟೆ ಮಡಚಿಟ್ಟ ಮೇಲೆಯೇ ಬಾ ಎಂದರು. ಸುದ್ದಿ ಹೇಳಿದೆ. ಹೊಲಿಗೆ ಯಂತ್ರದ ಮುಂದೆ ಕೂತು ಅದರ ಚಕ್ರದ ಮೇಲೆ ಕೈಯಿಟ್ಟರು.

"ನನ್ನ ಮ್ಯಾಲ ನಿಮಗ ಸಿಟ್ಟು ಇರಬೇಕ್ರಿ ಮೇಡಂ" ಎಂದೆ.

"ಅದ. ಇಲ್ಲಂದ್ರ ಸುಳ್ಳಾಗ್ತದ. ಆದ್ರ ನೀ ಹುಡುಗಿ ಇದ್ದಿ. ನಿನಕಿಂತ ಹೆಚ್ಚಿನ ಸಿಟ್ಟು ಅವ್ರ ಮ್ಯಾಲ ಅದ." ದಾರದ ತುದಿಯನ್ನು ಬೆರಳಿಗೆ ಸುತ್ತುತ್ತ ಹೇಳಿದರು: "ಪರೀಕ್ಷಾ ಮುಗೀಲಿ, ನಿಮ್ಮ ಜೋಡಿ ಒಂದು ಮಾತು ಆಡೋದದ ಅಂದಿದ್ರು. ಚಿತ್ತಾಪುರದಾಗ ಎರಡು ಖೋಲಿ ಮನಿ ನೋಡ್ಲಿಕತ್ತಿದ್ರು, ನನಗ ಗೊತ್ತಿತ್ತು. ಆ ದಿವಸ ಆದ ಮ್ಯಾಲ ಮಾತೇ ಬಿಟ್ರು. ಒಂದ್ ಸಲ ನಾನೇ ಅಡ್ಡ ನಿಂತು ಕೇಳ್ದೆ. ನಿಮ್ಮ ಹೆಸರು ಕೆಡ್ತದ, ಮಗಳು ಸಣ್ಣಾಕಿ ಅದಾಳ ಅಂದ್ರು. ನನ್ನ ಹೆಸರಿನ ಫಿಕರ್ ನನಗ ಇರಬೇಕಿತ್ತೋ ಅವ್ರಿಗೋ? ನನ್ನ ಹೆಸರು ನಾ ಏನ್ ಮಾಡ್ಕೋತೀನಂತ ನನಗ ಕೇಳಲೇ ಇಲ್ಲ. ಕೇಳಿದ್ರ ಹ್ಞೂಂ ಅಂತಿದ್ದೆ."

ವ್ಯಕ್ತಿಯನ್ನು ಸಂದರ್ಶಿಸಿಲ್ಲ. ನನ್ನ ಎರಡು ಅಂಕ ಕಳೆದ ಮನುಷ್ಯ ಅದೇ ತಪ್ಪನ್ನು ತಾವೂ ಮಾಡಿದ್ದರು.

ನಾನು ರೆಕಾರ್ಡ್ ತೆಗೆದು ಮೊದಲ ಹಾಳೆ ತೋರಿಸಿದೆ. ಮೇಡಂ ಕನ್ನಡಕ ಹಾಕಿಕೊಂಡು ಓದಿದರು. ಕೆಂಪು ಗೆರೆಯ ಮೇಲೆ ಬೆರಳು ಆಡಿಸಿದರು, ಆ ತುದಿಯಿಂದ ಈ ತುದಿಯವರೆಗೆ. ಗೆರೆಯ ಮೇಲಿನ ಖಾಲಿ ಜಾಗದಲ್ಲಿ ಬೆರಳು ನಿಂತಿತು.

ನನಗೆ ಏನನ್ನಿಸಿತೋ, ಚೀಲದಿಂದ ಪೆನ್ನು ತೆಗೆದು ಅವರ ಕೈಗೆ ಕೊಟ್ಟೆ. "ಬರೀರಿ ಮೇಡಂ" ಎಂದೆ.

ಅವರು ಪೆನ್ನು ಹಿಡಿದುಕೊಂಡರು. ಅದರ ಮುಚ್ಚಳವನ್ನೂ ತೆಗೆದರು. ಹಾಳೆಯ ಮೇಲೆ ಬಾಗಿದರು. ಹೊರಗೆ ಫರ್ಸಿ ಕಲ್ಲು ಹೇರಿಕೊಂಡ ಟ್ರ್ಯಾಕ್ಟರ್ ಹೋಗುವವರೆಗೂ ಹಾಗೇ ಇದ್ದರು.

"ಈಗ ಬರದ್ರ ಯಾರ್ ತಪಾಸ್ ಮಾಡ್ತಾರವ್ವಾ?" ಎಂದು ಪೆನ್ನಿಗೆ ಮುಚ್ಚಳ ಹಾಕಿ ನನಗೆ ವಾಪಸ್ ಕೊಟ್ಟರು.